ಕಾಣದ ಬಡವರು: ಅಮೆರಿಕದ ಬಡತನವನ್ನು ಕಂಡು ಬರೆದ ಪುಸ್ತಕಗಳು

ಅಮೆರಿಕವೆಂದೊಡನೆ ನಮ್ಮವರ ಕಣ್ಣಿಗೆ ಕಟ್ಟುವುದು ಮುಗಿಲು ಮುಟ್ಟುವ ಕಟ್ಟಡಗಳು, ವಿಶಾಲವಾದ ಹೆದ್ದಾರಿಗಳು, ಸರಕು ತುಂಬಿ ತುಳುಕುವ ಅಂಗಡಿಗಳು. ನನ್ನ ಹಳೆಯ ವಿದ್ಯಾರ್ಥಿಗಳಲ್ಲಿಯೂ ಬಂಧುಗಳಲ್ಲಿಯೂ ಹಲವರು ಇಂದು ಆ ದೇಶದಲ್ಲಿಯೇ ನೆಲೆಸಿದ್ದಾರೆ. ರಜೆಗೆಂದು ಊರಿಗೆ ಬಂದಾಗ ಅವರು ಹೇಳುವ ಸಂಗತಿಗಳಲ್ಲಿ ಅಲ್ಲಿನ ಬಡವರ ಪ್ರಸ್ತಾಪ ಬರುವುದು ಅಪರೂಪ. ಅದನ್ನು ಅವರ ತಪ್ಪೆಂದು ಹೇಳಲಾಗದು. ಆ ನೆಲದಲ್ಲಿಯೇ ಹುಟ್ಟಿ ಬೆಳೆದ ಬಹುಪಾಲು ಜನರಿಗೂ ತಮ್ಮ ನಾಡಿನ ಬಡತನ ಕಣ್ಣಿಗೆ ಬೀಳುವುದಿಲ್ಲ. ಆದ್ದರಿಂದಲೇ ಆ ದೇಶದಲ್ಲಿ ತಲೆಮಾರಿಗೊಮ್ಮೆ ಯಾರಾದರೂ ಒಬ್ಬರು ಪುಸ್ತಕ ಬರೆದು "ಇಲ್ಲಿ ನೋಡಿ" ಎಂದು ಬೆರಳು ತೋರಿಸಬೇಕಾಗಿ ಬಂದಿದೆ. ಆ ಪುಸ್ತಕಗಳ ಚರಿತ್ರೆಯೂ ಬಡವರಿಗಾಗಿ ಆ ದೇಶ ಮಾಡಿದ ಕಾಯಿದೆಗಳ ಚರಿತ್ರೆಯೂ ಒಂದಕ್ಕೊಂದು ಹೆಣೆದುಕೊಂಡಿವೆ. ಈ ಬರಹದಲ್ಲಿ ಆ ಹೆಣಿಗೆಯನ್ನು ಸ್ವಲ್ಪ ಬಿಡಿಸಿ ನೋಡೋಣ.

ಆರಂಭಕ್ಕೆ ಮುನ್ನ ಒಂದು ಮಾತು. ಈ ಎಲ್ಲ ಪುಸ್ತಕಗಳ ಹಿಂದೆ ಇರುವುದು ಒಂದೇ ಪ್ರಶ್ನೆ: ಮನುಷ್ಯ ಬಡವನಾಗಿರುವುದು ಅವನ ದೋಷದಿಂದಲೋ, ಅವನು ಬದುಕುತ್ತಿರುವ ವ್ಯವಸ್ಥೆಯ ದೋಷದಿಂದಲೋ? ಕೇಳುವುದಕ್ಕೆ ಸರಳವಾದ ಪ್ರಶ್ನೆ. ಆದರೆ ಇದಕ್ಕೆ ಕೊಡುವ ಉತ್ತರದ ಮೇಲೆ ಲಕ್ಷಾಂತರ ಮಕ್ಕಳ ಊಟ ನಿಂತಿರುತ್ತದೆ.

ಅರ್ಹರು ಮತ್ತು ಅನರ್ಹರು

ಅಮೆರಿಕಕ್ಕೆ ವಲಸೆ ಹೋದ ಇಂಗ್ಲಿಷರು ತಮ್ಮೊಡನೆ ತಮ್ಮ ಕಾನೂನುಗಳನ್ನೂ ಕೊಂಡೊಯ್ದರು. ಅವುಗಳಲ್ಲಿ ಒಂದು, ಎಲಿಜಬೆತ್ ರಾಣಿಯ ಕಾಲದ 1601ರ ಬಡವರ ಕಾಯಿದೆ. ಅದರ ಪ್ರಕಾರ ಆಯಾ ಊರಿನ ಬಡವರನ್ನು ಆಯಾ ಊರೇ ಸಾಕಬೇಕು. ಆದರೆ ವೃದ್ಧರು, ಅಂಗವಿಕಲರು, ಅನಾಥ ಮಕ್ಕಳು ಒಂದು ಬಗೆ. ಮೈಯಲ್ಲಿ ಕಸುವಿದ್ದೂ ಕೆಲಸವಿಲ್ಲದವರು ಇನ್ನೊಂದು ಬಗೆ. ಮೊದಲಿನವರು ನೆರವಿಗೆ ಅರ್ಹರು, ಎರಡನೆಯವರು ಅನರ್ಹರು. ಹತ್ತೊಂಬತ್ತನೆಯ ಶತಮಾನದಲ್ಲಿ ಊರೂರಿಗೆ 'ಬಡವರ ಮನೆ' ಎಂಬ ಕಟ್ಟಡಗಳು ಎದ್ದವು. ಅನ್ನ ಬೇಕಾದವರು ತಮ್ಮ ಮನೆ ಬಿಟ್ಟು ಅಲ್ಲಿ ಹೋಗಿ ಇರಬೇಕಾಗಿತ್ತು. ಅಲ್ಲಿನ ಬಾಳನ್ನು ಬೇಕೆಂದೇ ಕಠಿಣವಾಗಿ ಇಡಲಾಗುತ್ತಿತ್ತು. ಸುಖವಾಗಿದ್ದರೆ ಎಲ್ಲರೂ ಬಂದಾರು ಎಂಬ ಭಯ. ಮೈಕೆಲ್ ಕಾಟ್ಸ್ ಎಂಬ ಇತಿಹಾಸಕಾರರು 1986ರಲ್ಲಿ 'ಇನ್ ದಿ ಶ್ಯಾಡೋ ಆಫ್ ದಿ ಪೂರ್‌ಹೌಸ್' ಎಂಬ ಗ್ರಂಥದಲ್ಲಿ ಈ ಕಥೆಯನ್ನು ವಿಸ್ತಾರವಾಗಿ ಹೇಳಿದ್ದಾರೆ. ಆ ಕಟ್ಟಡಗಳು ಹೋದರೂ ಅವುಗಳ ನೆರಳು ಇನ್ನೂ ಹೋಗಿಲ್ಲವೆಂಬ ಅವರ ಅಭಿಪ್ರಾಯ ಪುಸ್ತಕದ ಹೆಸರಿನಲ್ಲಿಯೇ ಇದೆ.

ಕತ್ತಲಲ್ಲಿ ತೆಗೆದ ಚಿತ್ರಗಳು

ಜೇಕಬ್ ರೀಸ್ ಡೆನ್ಮಾರ್ಕಿನ ರೀಬ ಎಂಬ ಊರಿನ ಉಪಾಧ್ಯಾಯರೊಬ್ಬರ ಮಗ. 1870ರಲ್ಲಿ, ಇಪ್ಪತ್ತೊಂದನೆಯ ವಯಸ್ಸಿನಲ್ಲಿ ಅಮೆರಿಕಕ್ಕೆ ಬಂದಿಳಿದ. ಕೆಲಸವಿಲ್ಲದೆ ಅಲೆದ; ಪೊಲೀಸ್ ಠಾಣೆಗಳಲ್ಲಿ ನಿರ್ಗತಿಕರಿಗೆಂದು ಇದ್ದ ಕೊಳಕು ಕೋಣೆಗಳಲ್ಲಿ ರಾತ್ರಿ ಕಳೆದ. ಮುಂದೆ ನ್ಯೂಯಾರ್ಕಿನಲ್ಲಿ ಪತ್ರಿಕೆಯ ಅಪರಾಧ ವರದಿಗಾರನಾದಾಗ, ವಲಸಿಗರು ಕಿಕ್ಕಿರಿದು ವಾಸಿಸುತ್ತಿದ್ದ ವಠಾರಗಳನ್ನು ದಿನವೂ ಕಂಡ. ಗಾಳಿ ಬೆಳಕಿಲ್ಲದ ಕೋಣೆಗಳು, ಒಂದೊಂದರಲ್ಲಿ ಒಂದು ಸಂಸಾರ, ಅದರ ಮೇಲೆ ಬಾಡಿಗೆಗೆ ಮಲಗುವವರು ಬೇರೆ. ಬರಿಯ ಬರವಣಿಗೆಯಿಂದ ಇದನ್ನು ನಂಬಿಸಲಾಗದೆಂದು ಅವನಿಗೆ ತಿಳಿಯಿತು. ಅದೇ ಹೊತ್ತಿಗೆ, ಕತ್ತಲಲ್ಲಿ ಕ್ಷಣಮಾತ್ರ ಬೆಳಕು ಮಾಡುವ ಮೆಗ್ನೀಸಿಯಂ ಪುಡಿ ಛಾಯಾಗ್ರಹಣಕ್ಕೆ ಒದಗಿಬಂದಿತ್ತು. ರಾತ್ರಿ ಆ ಕೋಣೆಗಳಿಗೆ ನುಗ್ಗಿ ಅವನು ತೆಗೆದ ಚಿತ್ರಗಳು ಇಂದಿಗೂ ನೋಡುವವರನ್ನು ಬೆಚ್ಚಿಬೀಳಿಸುತ್ತವೆ.

1890ರಲ್ಲಿ ಅವನ 'ಹೌ ದಿ ಅದರ್ ಹಾಫ್ ಲಿವ್ಸ್' ಪ್ರಕಟವಾಯಿತು. ಅದನ್ನು ಓದಿ ಮನಕರಗಿದವರಲ್ಲಿ ಮುಂದೆ ರಾಷ್ಟ್ರಾಧ್ಯಕ್ಷರಾದ ಥಿಯೊಡೋರ್ ರೂಸ್‌ವೆಲ್ಟ್ ಒಬ್ಬರು. ಅವರು ನ್ಯೂಯಾರ್ಕಿನ ಪೊಲೀಸ್ ಆಡಳಿತದ ಮುಖ್ಯಸ್ಥರಾಗಿದ್ದಾಗ ರೀಸ್‌ನೊಡನೆ ರಾತ್ರಿ ಗಸ್ತು ತಿರುಗಿದರು. ಅವನು ಒಮ್ಮೆ ಮಲಗಿದ್ದಂತಹ ಠಾಣೆಯ ಕೋಣೆಗಳನ್ನು 1896ರಲ್ಲಿ ಮುಚ್ಚಿಸಿದರು. ಮಲ್ಬೆರಿ ಬೆಂಡ್ ಎಂಬ ಕುಖ್ಯಾತ ಕೊಳೆಗೇರಿಯನ್ನು ಕೆಡವಿ ಅಲ್ಲಿ ಉದ್ಯಾನ ಮಾಡಲಾಯಿತು. 1901ರಲ್ಲಿ ವಠಾರಗಳಿಗೆ ಗಾಳಿ, ಬೆಳಕು, ಶೌಚಾಲಯಗಳನ್ನು ಕಡ್ಡಾಯಗೊಳಿಸುವ ಕಾಯಿದೆ ನ್ಯೂಯಾರ್ಕ್ ರಾಜ್ಯದಲ್ಲಿ ಬಂದಿತು. ಒಂದು ಪುಸ್ತಕದಿಂದ ಇಷ್ಟೆಲ್ಲ ಆಯಿತೆಂದು ಹೇಳುವುದು ಅತಿಶಯೋಕ್ತಿ. ಅನೇಕ ಸುಧಾರಕರು ಇದಕ್ಕಾಗಿ ದುಡಿದಿದ್ದರು. ಆದರೆ ಆ ದುಡಿಮೆಗೆ ಜನರ ಮನಸ್ಸನ್ನು ಹದಗೊಳಿಸಿದ ಶ್ರೇಯಸ್ಸು ರೀಸ್‌ಗೆ ಸಲ್ಲಬೇಕು.

ಅವನ ಪುಸ್ತಕದಲ್ಲಿ ಕಲೆಯೂ ಇದೆ. ಇಟಲಿಯವರು, ಯೆಹೂದಿಗಳು, ಚೀನೀಯರು ಹೀಗೆಯೇ ಎಂದು ಜನಾಂಗಕ್ಕೊಂದು ಗುಣ ಕಟ್ಟಿ ಅವನು ಬರೆದ ಮಾತುಗಳನ್ನು ಇಂದು ಓದುವಾಗ ಮನಸ್ಸಿಗೆ ಹಿಂಸೆಯಾಗುತ್ತದೆ. ಬಡವರ ಪರ ನಿಂತವನೂ ತನ್ನ ಕಾಲದ ಪೂರ್ವಗ್ರಹಗಳಿಂದ ಪೂರ್ತಿ ಪಾರಾಗಲಿಲ್ಲ. ಇತಿಹಾಸ ಓದುವವರು ಇಂತಹ ಕಡೆ ಹೊಗಳಿಕೆ ತೆಗಳಿಕೆ ಎರಡನ್ನೂ ಅಳತೆಯಲ್ಲಿ ಇಟ್ಟುಕೊಳ್ಳಬೇಕು.

ಮಹಾ ಕುಸಿತ ಕಲಿಸಿದ ಪಾಠ

1904ರಲ್ಲಿ ರಾಬರ್ಟ್ ಹಂಟರ್ ಎಂಬವರು 'ಪಾವರ್ಟಿ' ಎಂಬ ಪುಸ್ತಕದಲ್ಲಿ ಬಡವರನ್ನು ಎಣಿಸಲು ಹೊರಟು, ಸುಮಾರು ಒಂದು ಕೋಟಿ ಅಮೆರಿಕನ್ನರು ಬಡತನದಲ್ಲಿದ್ದಾರೆಂದು ಅಂದಾಜು ಮಾಡಿದರು. ಆದರೂ ರಾಷ್ಟ್ರದ ಸರ್ಕಾರ ಕದಲಲಿಲ್ಲ. ಅದನ್ನು ಕದಲಿಸಿದ್ದು 1929ರಲ್ಲಿ ಆರಂಭವಾದ ಮಹಾ ಆರ್ಥಿಕ ಕುಸಿತ. 1933ರ ಹೊತ್ತಿಗೆ ದುಡಿಯುವ ನಾಲ್ವರಲ್ಲಿ ಒಬ್ಬರಿಗೆ ಕೆಲಸವಿರಲಿಲ್ಲ. ನಿನ್ನೆಯವರೆಗೆ ಬ್ಯಾಂಕಿನಲ್ಲಿ ದುಡ್ಡಿಟ್ಟಿದ್ದವರೂ ಗಂಜಿಯ ಸಾಲಿನಲ್ಲಿ ನಿಂತರು. ಇಷ್ಟು ಜನ ಒಮ್ಮೆಲೇ ಸೋಮಾರಿಗಳಾದರೆಂದು ಹೇಳುವ ಧೈರ್ಯ ಯಾರಿಗೂ ಇರಲಿಲ್ಲ.

ಫ್ರಾಂಕ್ಲಿನ್ ರೂಸ್‌ವೆಲ್ಟ್ ಅವರ ಸಂಪುಟದಲ್ಲಿ ಕಾರ್ಮಿಕ ಸಚಿವೆಯಾಗಿದ್ದವರು ಫ್ರಾನ್ಸಿಸ್ ಪರ್ಕಿನ್ಸ್. ಅಮೆರಿಕದ ಸಂಪುಟ ಸೇರಿದ ಮೊದಲ ಮಹಿಳೆ. ಅವರ ನೇತೃತ್ವದಲ್ಲಿ ಸಿದ್ಧವಾದ ಸಾಮಾಜಿಕ ಭದ್ರತಾ ಕಾಯಿದೆಗೆ 1935ರ ಆಗಸ್ಟ್ 14ರಂದು ಸಹಿ ಬಿತ್ತು. ವೃದ್ಧರಿಗೆ ಪಿಂಚಣಿ, ನಿರುದ್ಯೋಗಿಗಳಿಗೆ ವಿಮೆ, ತಂದೆಯಿಲ್ಲದ ಮಕ್ಕಳಿಗೆ ನೆರವು ಇವು ಅದರ ಮುಖ್ಯ ಅಂಗಗಳು. ಆದರೆ ಹೊಲದಲ್ಲಿ ಕೂಲಿ ಮಾಡುವವರನ್ನೂ ಮನೆಗೆಲಸದವರನ್ನೂ ಪಿಂಚಣಿಯಿಂದ ಹೊರಗಿಟ್ಟರು. ದಕ್ಷಿಣದ ರಾಜ್ಯಗಳ ಕಪ್ಪು ಜನರಲ್ಲಿ ಹೆಚ್ಚಿನವರು ಮಾಡುತ್ತಿದ್ದುದು ಈ ಎರಡು ಕೆಲಸಗಳನ್ನೇ. ಹೀಗೆ ಅರ್ಹರು, ಅನರ್ಹರು ಎಂಬ ಹಳೆಯ ಗೆರೆ ಹೊಸ ಕಾಯಿದೆಯೊಳಗೂ ನುಸುಳಿತು. ಇನ್ನೊಂದು ಭೇದವನ್ನೂ ಗಮನಿಸಬೇಕು. ಪಿಂಚಣಿಯನ್ನು ದುಡಿದವರ ಹಕ್ಕೆಂದು ಜನ ಭಾವಿಸಿದರು. ಮಕ್ಕಳ ನೆರವನ್ನು ಮಾತ್ರ ದಾನವೆಂದು ಎಣಿಸಿದರು. ಮುಂದಿನ ಅರವತ್ತು ವರ್ಷಗಳ ಜಗಳಕ್ಕೆ ಬೀಜ ಬಿದ್ದದ್ದು ಇಲ್ಲಿಯೇ.

ಶ್ರೀಮಂತ ನಾಡಿನ ಮರೆತ ಜನ

ಎರಡನೆಯ ಮಹಾಯುದ್ಧದ ಬಳಿಕ ಅಮೆರಿಕ ಹಿಂದೆಂದೂ ಕಾಣದ ಸಿರಿಯನ್ನು ಕಂಡಿತು. 1958ರಲ್ಲಿ ಜಾನ್ ಕೆನೆತ್ ಗಾಲ್‌ಬ್ರೆತ್ 'ದಿ ಅಫ್ಲುಯೆಂಟ್ ಸೊಸೈಟಿ' ಬರೆದರು. ಇವರು 1961ರಿಂದ 1963ರವರೆಗೆ ಭಾರತದಲ್ಲಿ ಅಮೆರಿಕದ ರಾಯಭಾರಿಯಾಗಿದ್ದವರು. ನಮ್ಮ ತಲೆಮಾರಿನವರಿಗೆ ಪರಿಚಿತ ಹೆಸರು. ಖಾಸಗಿ ಸಿರಿ ಉಕ್ಕುತ್ತಿರುವ ನಾಡಿನಲ್ಲಿ ಶಾಲೆ, ಉದ್ಯಾನ, ಬೀದಿಗಳಂತಹ ಸಾರ್ವಜನಿಕ ಸೌಕರ್ಯಗಳು ಸೊರಗುತ್ತಿವೆಯೆಂಬುದು ಅವರ ವಾದ. ಆದರೆ ಉಳಿದಿರುವ ಬಡತನ ಅಲ್ಲಲ್ಲಿನ ಸಣ್ಣ ದ್ವೀಪಗಳಂತಹುದು ಎಂಬ ಭಾವನೆ ಅವರಲ್ಲಿಯೂ ಇತ್ತು.

ಆ ಭಾವನೆಯನ್ನು ಅಲುಗಾಡಿಸಿದವರು ಮೈಕೆಲ್ ಹ್ಯಾರಿಂಗ್ಟನ್. 1928ರಲ್ಲಿ ಹುಟ್ಟಿದ ಇವರು ಯೌವನದಲ್ಲಿ ನ್ಯೂಯಾರ್ಕಿನ ಕ್ಯಾಥೊಲಿಕ್ ವರ್ಕರ್ ಆಶ್ರಮದಲ್ಲಿ ನಿರ್ಗತಿಕರಿಗೆ ಊಟ ಬಡಿಸುತ್ತ ಅವರ ನಡುವೆಯೇ ಬದುಕಿದವರು. 1962ರಲ್ಲಿ ಪ್ರಕಟವಾದ ಅವರ 'ದಿ ಅದರ್ ಅಮೆರಿಕ' ಗಾತ್ರದಲ್ಲಿ ಚಿಕ್ಕದು. ಅದರ ತಿರುಳು ಇಷ್ಟು: ಈ ಸಿರಿವಂತ ದೇಶದಲ್ಲಿ ನಾಲ್ಕರಿಂದ ಐದು ಕೋಟಿ ಬಡವರಿದ್ದಾರೆ; ಅವರು ಕಣ್ಣಿಗೆ ಬೀಳುವುದಿಲ್ಲ, ಅಷ್ಟೇ. ಹೆದ್ದಾರಿಗಳು ಕೊಳೆಗೇರಿಗಳನ್ನು ಬಳಸಿ ಹೋಗುತ್ತವೆ. ಬೆಟ್ಟಗಾಡಿನ ಹಳ್ಳಿಗಳನ್ನು ಪ್ರವಾಸಿಗರು ಸುಂದರವೆಂದು ನೋಡಿ ಮುಂದೆ ಸಾಗುತ್ತಾರೆ. ವೃದ್ಧರು ಬಾಡಿಗೆ ಕೋಣೆಗಳಿಂದ ಹೊರಗೇ ಬರುವುದಿಲ್ಲ. ಬಟ್ಟೆ ಅಗ್ಗವಾದ ಕಾಲದಲ್ಲಿ ಬಡವನೂ ಒಳ್ಳೆಯ ಅಂಗಿ ತೊಟ್ಟಿರುತ್ತಾನೆ, ಆದ್ದರಿಂದ ಅವನ ಖಾಲಿ ಹೊಟ್ಟೆ ಯಾರಿಗೂ ಕಾಣುವುದಿಲ್ಲ.

ಪುಸ್ತಕಕ್ಕೆ ಮೊದಲು ದೊರೆತ ಓದುಗರು ಹೆಚ್ಚಿಲ್ಲ. 1963ರ ಜನವರಿಯಲ್ಲಿ ಡ್ವೈಟ್ ಮ್ಯಾಕ್‌ಡೊನಾಲ್ಡ್ ಎಂಬ ವಿಮರ್ಶಕರು 'ನ್ಯೂಯಾರ್ಕರ್' ಪತ್ರಿಕೆಯಲ್ಲಿ ಅದನ್ನು ಕುರಿತು ಬಹು ದೀರ್ಘವಾದ ಲೇಖನ ಬರೆದರು. ಅಲ್ಲಿಂದ ಮಾತು ಶ್ವೇತಭವನ ಮುಟ್ಟಿತು. ಕೆನೆಡಿಯವರ ಆರ್ಥಿಕ ಸಲಹೆಗಾರ ವಾಲ್ಟರ್ ಹೆಲರ್ ಆಗಲೇ ಬಡತನದ ಅಂಕಿ ಅಂಶಗಳನ್ನು ಕಲೆಹಾಕತೊಡಗಿದ್ದರು. 1963ರ ನವೆಂಬರ್ 22ರಂದು ಕೆನೆಡಿಯವರ ಹತ್ಯೆಯಾಯಿತು. ಅಧಿಕಾರ ವಹಿಸಿಕೊಂಡ ಲಿಂಡನ್ ಜಾನ್ಸನ್ 1964ರ ಜನವರಿ 8ರಂದು ಸಂಸತ್ತಿನ ಮುಂದೆ ನಿಂತು ಬಡತನದ ಮೇಲೆ ಯುದ್ಧ ಸಾರಿದರು.

ಒಬ್ಬ ಉಪಾಧ್ಯಾಯನ ಯುದ್ಧ

ಜಾನ್ಸನ್ ಎಂದರೆ ಜನರಿಗೆ ನೆನಪಾಗುವುದು ವಿಯೆಟ್ನಾಂ. ಅವರು ಒಮ್ಮೆ ಮೇಷ್ಟರಾಗಿದ್ದರೆಂಬುದು ಹೆಚ್ಚಿನವರಿಗೆ ತಿಳಿಯದು. 1928ರಲ್ಲಿ, ಕಾಲೇಜಿನ ಓದನ್ನು ಅರ್ಧದಲ್ಲಿ ನಿಲ್ಲಿಸಿ, ಟೆಕ್ಸಸ್‌ನ ಕೊಟುಲ್ಲಾ ಎಂಬ ಊರಿನಲ್ಲಿ ಮೆಕ್ಸಿಕೊ ಮೂಲದ ಬಡ ಮಕ್ಕಳ ಶಾಲೆಯಲ್ಲಿ ಅವರು ಪಾಠ ಹೇಳಿದರು. ಬೆಳಗಿನ ಊಟವಿಲ್ಲದೆ ಬರುತ್ತಿದ್ದ ಆ ಮಕ್ಕಳ ಮುಖಗಳನ್ನು ಅವರು ಮರೆಯಲಿಲ್ಲ. 1965ರ ಮಾರ್ಚ್ 15ರಂದು ಕಪ್ಪು ಜನರ ಮತದಾನದ ಹಕ್ಕಿಗಾಗಿ ಸಂಸತ್ತಿನಲ್ಲಿ ಮಾತನಾಡುವಾಗಲೂ ಕೊಟುಲ್ಲಾದ ಆ ಮಕ್ಕಳನ್ನು ನೆನೆದರು. ಅದೇ ವರ್ಷದ ಏಪ್ರಿಲ್‌ನಲ್ಲಿ ಬಡ ಮಕ್ಕಳ ಶಾಲೆಗಳಿಗೆ ರಾಷ್ಟ್ರದ ಬೊಕ್ಕಸದಿಂದ ಹಣ ಕೊಡುವ ಕಾಯಿದೆಗೆ ಸಹಿ ಹಾಕುವಾಗ, ತಾವು ಅಕ್ಷರ ಕಲಿತ ಏಕೋಪಾಧ್ಯಾಯ ಶಾಲೆಯ ಅಂಗಳಕ್ಕೆ ಹೋಗಿ, ತಮ್ಮ ಮೊದಲ ಉಪಾಧ್ಯಾಯಿನಿಯನ್ನು ಪಕ್ಕದಲ್ಲಿ ಕೂರಿಸಿಕೊಂಡು ಸಹಿ ಹಾಕಿದರು. ಮೂವತ್ತು ವರ್ಷ ಸೀಮೆಸುಣ್ಣ ಹಿಡಿದ ನನಗೆ ಈ ಪ್ರಸಂಗ ಓದಿದಾಗಲೆಲ್ಲ ಕಣ್ಣು ತೇವವಾಗುತ್ತದೆ.

ಎರಡೇ ವರ್ಷಗಳಲ್ಲಿ ಬಂದ ಕಾಯಿದೆಗಳನ್ನು ನೋಡಿ. 1964ರಲ್ಲಿ ಆರ್ಥಿಕ ಅವಕಾಶ ಕಾಯಿದೆ ಮತ್ತು ಫುಡ್ ಸ್ಟಾಂಪ್ ಕಾಯಿದೆ. 1965ರಲ್ಲಿ ವೃದ್ಧರಿಗೆ ಮೆಡಿಕೇರ್, ಬಡವರಿಗೆ ಮೆಡಿಕೇಡ್ ಎಂಬ ಆರೋಗ್ಯ ವ್ಯವಸ್ಥೆಗಳು. ಶಾಲೆಗೆ ಸೇರುವ ಮುನ್ನವೇ ಬಡ ಮಕ್ಕಳಿಗೆ ಅಕ್ಷರ, ಆಹಾರ, ವೈದ್ಯೋಪಚಾರ ಒದಗಿಸುವ 'ಹೆಡ್ ಸ್ಟಾರ್ಟ್' ಆರಂಭವಾದ ಮೊದಲ ಬೇಸಿಗೆಯಲ್ಲಿಯೇ ಐದು ಲಕ್ಷಕ್ಕೂ ಹೆಚ್ಚು ಮಕ್ಕಳು ಸೇರಿದರು.

ಫುಡ್ ಸ್ಟಾಂಪ್ ಎಂದಾಗ ನಮ್ಮ ನಾಡಿಗೂ ಇರುವ ಒಂದು ನಂಟನ್ನು ಹೇಳಬೇಕು. 1930ರ ದಶಕದಿಂದ ಅಮೆರಿಕದ ಸರ್ಕಾರಕ್ಕೆ ಇದ್ದ ದೊಡ್ಡ ಚಿಂತೆ, ರೈತರು ಬೆಳೆದು ಮಿಕ್ಕ ಧಾನ್ಯವನ್ನು ಏನು ಮಾಡುವುದೆಂಬುದು. 1939ರಲ್ಲಿ ಮೊದಲ ಬಾರಿಗೆ ಚೀಟಿ ಕೊಟ್ಟು ಬಡವರಿಗೆ ಆಹಾರ ಹಂಚಿದ್ದು ಆ ಮಿಗತೆಯನ್ನು ಕರಗಿಸುವುದಕ್ಕೇ. 1954ರ ಪಿ.ಎಲ್. 480 ಕಾಯಿದೆಯಡಿ ಅದೇ ಮಿಗತೆಯ ಗೋಧಿ ಹಡಗುಗಳಲ್ಲಿ ಭಾರತಕ್ಕೆ ಬಂದಿತು. ನಮ್ಮ ಶಾಲೆಗಳಲ್ಲಿ 'ಕೇರ್' ಸಂಸ್ಥೆಯ ಹೆಸರಿನಲ್ಲಿ ಹಾಲಿನ ಪುಡಿ, ಉಪ್ಪಿಟ್ಟು ತಿಂದವರು ನಿಮ್ಮ ತಂದೆ ತಾಯಿಯರಲ್ಲಿ ಎಷ್ಟೋ ಮಂದಿ ಇದ್ದಾರೆ. ಪಶ್ಚಿಮ ವರ್ಜೀನಿಯಾದ ಕಲ್ಲಿದ್ದಲು ಗಣಿಯ ಬಡವನಿಗೂ ನಮ್ಮ ಹಳ್ಳಿಯ ಶಾಲೆಯ ಮಗುವಿಗೂ ಒಂದೇ ಕಣಜದಿಂದ ಊಟ ಬಂದ ಕಾಲವದು.

ರೇಖೆ ಎಳೆದ ಮಹಿಳೆ

ಯುದ್ಧ ಹೂಡಿದ ಮೇಲೆ ಶತ್ರುವಿನ ಸಂಖ್ಯೆ ತಿಳಿಯಬೇಕಲ್ಲವೇ? ಬಡವರೆಂದರೆ ಯಾರು? ಸಾಮಾಜಿಕ ಭದ್ರತಾ ಇಲಾಖೆಯ ಮಾಲಿ ಒರ್ಶಾನ್‌ಸ್ಕಿ ಎಂಬಾಕೆ ಇದಕ್ಕೊಂದು ಉಪಾಯ ಹುಡುಕಿದ್ದರು. ಉಕ್ರೇನಿನಿಂದ ಬಂದ ಯೆಹೂದಿ ವಲಸಿಗರ ಬಡ ಸಂಸಾರದಲ್ಲಿ ಬೆಳೆದವರು ಅವರು. 1955ರ ಒಂದು ಸಮೀಕ್ಷೆಯಂತೆ ಕುಟುಂಬಗಳು ತಮ್ಮ ಆದಾಯದ ಮೂರನೆಯ ಒಂದು ಭಾಗವನ್ನು ಆಹಾರಕ್ಕೆ ವೆಚ್ಚ ಮಾಡುತ್ತಿದ್ದವು. ಆದ್ದರಿಂದ ಅತ್ಯಂತ ಮಿತವ್ಯಯದ ಆಹಾರದ ಖರ್ಚನ್ನು ಮೂರರಿಂದ ಗುಣಿಸಿದರೆ ಬದುಕಲು ಬೇಕಾದ ಕನಿಷ್ಠ ಆದಾಯ ಸಿಗುತ್ತದೆ. ನಾಲ್ವರ ಸಂಸಾರಕ್ಕೆ ಅದು ವರ್ಷಕ್ಕೆ ಸುಮಾರು 3,100 ಡಾಲರ್ ಆಯಿತು. 1969ರಲ್ಲಿ ಇದೇ ಅಧಿಕೃತ ಬಡತನ ರೇಖೆಯಾಯಿತು. ಮನೆ ಬಾಡಿಗೆ, ವೈದ್ಯಕೀಯ ವೆಚ್ಚ, ಮಕ್ಕಳ ಪಾಲನೆಯ ಖರ್ಚು ಎಷ್ಟೋ ಪಟ್ಟು ಏರಿದರೂ, ಬೆಲೆಯೇರಿಕೆಗೆ ತಕ್ಕ ಹೊಂದಾಣಿಕೆಯೊಂದನ್ನು ಬಿಟ್ಟರೆ ಅಮೆರಿಕದ ಅಧಿಕೃತ ರೇಖೆ ಇಂದಿಗೂ ಬಹುಮಟ್ಟಿಗೆ ಅದೇ ಗುಣಾಕಾರದ ಮೇಲೆ ನಿಂತಿದೆ.

ಆ ರೇಖೆಯಿಂದಲೇ ಅಳೆದರೆ, 1959ರಲ್ಲಿ ನೂರಕ್ಕೆ 22ರಷ್ಟಿದ್ದ ಬಡವರು 1973ರಲ್ಲಿ 11ಕ್ಕೆ ಇಳಿದರು. ವೃದ್ಧರಲ್ಲಿ 1959ರಲ್ಲಿ ನೂರಕ್ಕೆ 35 ಮಂದಿ ಬಡವರಿದ್ದರು. ಪಿಂಚಣಿ ಹೆಚ್ಚಿದಂತೆ ಅದು ಇಳಿಯುತ್ತ ಬಂದು ಇತ್ತೀಚಿನ ದಶಕಗಳಲ್ಲಿ 10ರ ಆಸುಪಾಸಿನಲ್ಲಿದೆ. ಉದ್ಯೋಗಗಳು ಹೆಚ್ಚಿದ್ದೂ ಇದಕ್ಕೆ ಕಾರಣವೆಂಬುದು ನಿಜ. ಆದರೂ ವೃದ್ಧರ ವಿಷಯದಲ್ಲಿ ಸರ್ಕಾರದ ಹಣವೇ ಮುಖ್ಯ ಕಾರಣವೆಂಬುದನ್ನು ಅಲ್ಲಗಳೆಯುವುದು ಕಷ್ಟ.

ಗಾಳಿ ತಿರುಗಿತು

ಇಲ್ಲಿಂದ ಕಥೆ ಬೇರೆ ದಿಕ್ಕಿಗೆ ತಿರುಗುತ್ತದೆ. ಹ್ಯಾರಿಂಗ್ಟನ್ ತಮ್ಮ ಪುಸ್ತಕದಲ್ಲಿ, ಮಾನವಶಾಸ್ತ್ರಜ್ಞ ಆಸ್ಕರ್ ಲೂಯಿಸ್ ಬಳಸಿದ್ದ 'ಬಡತನದ ಸಂಸ್ಕೃತಿ' ಎಂಬ ಮಾತನ್ನು ತೆಗೆದುಕೊಂಡಿದ್ದರು. ಬಡತನವು ಮನುಷ್ಯನ ಆಸೆ, ನಂಬಿಕೆ, ನಡೆನುಡಿಗಳನ್ನೇ ಕುಗ್ಗಿಸಿಬಿಡುತ್ತದೆ, ಆದ್ದರಿಂದ ನೆರವು ದೊಡ್ಡದಾಗಿಯೇ ಬೇಕು ಎಂಬುದು ಅವರ ಆಶಯ. ಅದೇ ಮಾತನ್ನು ಇತರರು ತಿರುಗಿಸಿ ಹಿಡಿದರು: ದೋಷ ಬಡವರ ಸಂಸ್ಕೃತಿಯಲ್ಲಿಯೇ ಇದ್ದಮೇಲೆ ಹಣ ಕೊಟ್ಟು ಏನು ಪ್ರಯೋಜನ? ಕರುಣೆಯಿಂದ ಹುಟ್ಟಿದ ಮಾತು ಬಡವರ ಮೇಲಿನ ದೋಷಾರೋಪಣೆಯಾಯಿತು. ಇದನ್ನು ಖಂಡಿಸಿ ವಿಲಿಯಂ ರಯನ್ 1971ರಲ್ಲಿ 'ಬ್ಲೇಮಿಂಗ್ ದಿ ವಿಕ್ಟಿಮ್' ಬರೆದರು. ಪೆಟ್ಟು ತಿಂದವನನ್ನೇ ದೂರುವ ಚಾಳಿಗೆ ಅಲ್ಲಿಂದ ಮುಂದೆ ಆ ಹೆಸರೇ ರೂಢಿಯಾಯಿತು.

1976ರ ಚುನಾವಣಾ ಪ್ರಚಾರದಲ್ಲಿ ರೊನಾಲ್ಡ್ ರೇಗನ್ ಸರ್ಕಾರಿ ನೆರವನ್ನು ಮೋಸದಿಂದ ಪಡೆದು ಮೆರೆಯುವ ಒಬ್ಬ ಹೆಂಗಸಿನ ಕಥೆಯನ್ನು ಊರೂರಲ್ಲಿ ಹೇಳಿದರು. ಒಬ್ಬಳು ವಂಚಕಿಯ ಕಥೆ ಲಕ್ಷಾಂತರ ತಾಯಂದಿರ ಚಿತ್ರವಾಗಿಬಿಟ್ಟಿತು. 1984ರಲ್ಲಿ ಬಂದ ಚಾರ್ಲ್ಸ್ ಮರ್ರೆಯವರ 'ಲೂಸಿಂಗ್ ಗ್ರೌಂಡ್' ಇದೇ ಭಾವನೆಗೆ ಅಂಕಿ ಅಂಶಗಳ ಬೆಂಬಲ ಒದಗಿಸಿತು. ನೆರವು ಸಿಗುವ ಕಾರಣದಿಂದಲೇ ಯುವಕರು ದುಡಿಯುವುದನ್ನೂ ಮದುವೆಯಾಗುವುದನ್ನೂ ಬಿಡುತ್ತಾರೆ. ದುಡಿಯುವ ವಯಸ್ಸಿನವರಿಗೆ ಕೊಡುವ ನೆರವನ್ನು ರದ್ದು ಮಾಡಿದರೆ ಅವರಿಗೇ ಒಳಿತು ಎಂಬುದು ಅದರ ವಾದ. ಪುಸ್ತಕ ಚೆನ್ನಾಗಿ ಬರೆದದ್ದು, ಓದುಗರನ್ನು ಒಲಿಸಿಕೊಳ್ಳುವಂತಹುದು. ಆದರೆ ಅರ್ಥಶಾಸ್ತ್ರಜ್ಞರು ಒಂದು ತೊಡಕನ್ನು ತೋರಿಸಿದರು. 1970ರ ದಶಕದ ಆರಂಭದಿಂದ ಬೆಲೆಯೇರಿಕೆಯಲ್ಲಿ ನೆರವಿನ ನಿಜವಾದ ಮೌಲ್ಯ ಕರಗುತ್ತಲೇ ಇತ್ತು. ಒಂಟಿ ತಾಯಂದಿರ ಸಂಖ್ಯೆ ಮಾತ್ರ ಏರುತ್ತಿತ್ತು. ನೆರವೇ ಕಾರಣವಾಗಿದ್ದರೆ ಅದು ಕುಗ್ಗಿದಾಗ ಇದೂ ಕುಗ್ಗಬೇಕಿತ್ತಲ್ಲವೇ? 1987ರಲ್ಲಿ ಸಮಾಜಶಾಸ್ತ್ರಜ್ಞ ವಿಲಿಯಂ ಜೂಲಿಯಸ್ ವಿಲ್ಸನ್ 'ದಿ ಟ್ರೂಲಿ ಡಿಸ್‌ಅಡ್ವಾಂಟೇಜ್ಡ್' ಗ್ರಂಥದಲ್ಲಿ ಇನ್ನೊಂದು ಉತ್ತರ ಕೊಟ್ಟರು: ಶಿಕಾಗೊದಂತಹ ನಗರಗಳ ಕಾರ್ಖಾನೆಗಳು ಮುಚ್ಚಿದವು, ಅನುಕೂಲವಿದ್ದವರು ಬೇರೆಡೆಗೆ ಹೋದರು, ಉಳಿದವರಿಗೆ ಕೆಲಸವೂ ಇಲ್ಲ, ಕೆಲಸದ ಸುದ್ದಿ ಹೇಳುವ ನೆರೆಯವರೂ ಇಲ್ಲ.

ಗೆದ್ದದ್ದು ಮರ್ರೆಯವರ ಕಡೆಗಿದ್ದ ಗಾಳಿ. 1996ರ ಆಗಸ್ಟ್ 22ರಂದು ಬಿಲ್ ಕ್ಲಿಂಟನ್ ಸಹಿ ಹಾಕಿದ ಕಾಯಿದೆ, 1935ರಿಂದ ಬಂದಿದ್ದ ಮಕ್ಕಳ ನೆರವಿನ ಹಕ್ಕನ್ನು ಕೊನೆಗೊಳಿಸಿತು. ರಾಷ್ಟ್ರದ ಹಣದಿಂದ ಕೊಡುವ ನೆರವಿಗೆ ಜೀವಮಾನದಲ್ಲಿ ಐದು ವರ್ಷಗಳ ಮಿತಿ. ಜೊತೆಗೆ ಕೆಲಸದ ಕಟ್ಟುಪಾಡು. ರಾಜ್ಯಗಳಿಗೆ ವರ್ಷಕ್ಕೆ ಸುಮಾರು 1,650 ಕೋಟಿ ಡಾಲರಿನ ಇಡಿಗಂಟು. ಅದನ್ನು ಬೆಲೆಯೇರಿಕೆಗೆ ತಕ್ಕಂತೆ ಹೆಚ್ಚಿಸುವ ಏರ್ಪಾಡಿಲ್ಲ. ಆ ಗಂಟನ್ನು ಹೇಗೆ ಹಂಚಬೇಕೆಂಬ ಸ್ವಾತಂತ್ರ್ಯ ಬಹುಮಟ್ಟಿಗೆ ರಾಜ್ಯಗಳದು. ಕೆಲವು ರಾಜ್ಯಗಳು ಅದನ್ನು ಬೇರೆ ಬೇರೆ ಬಾಬತ್ತುಗಳಿಗೆ ತಿರುಗಿಸಿದವು. ದೇವರು ವರ ಕೊಟ್ಟರೂ ಪೂಜಾರಿ ಕೊಡ ಎಂಬ ಗಾದೆ ಅಮೆರಿಕದಲ್ಲಿಯೂ ಸಲ್ಲುತ್ತದೆ. ಕ್ಲಿಂಟನ್ ಸರ್ಕಾರದಲ್ಲಿ ಉನ್ನತ ಹುದ್ದೆಯಲ್ಲಿದ್ದ ಪೀಟರ್ ಎಡೆಲ್‌ಮನ್ ಈ ಕಾಯಿದೆಯನ್ನು ಪ್ರತಿಭಟಿಸಿ ರಾಜೀನಾಮೆ ಕೊಟ್ಟರು. 1994ರಲ್ಲಿ ಸುಮಾರು 1 ಕೋಟಿ 40 ಲಕ್ಷವಿದ್ದ ಫಲಾನುಭವಿಗಳು 2000ದ ಹೊತ್ತಿಗೆ 60 ಲಕ್ಷದ ಆಸುಪಾಸಿಗೆ ಇಳಿದರು. ಅನೇಕ ತಾಯಂದಿರು ಕೆಲಸಕ್ಕೆ ಸೇರಿದ್ದು ನಿಜ. ಎಂತಹ ಕೆಲಸ, ಎಷ್ಟು ಸಂಬಳ ಎಂಬುದನ್ನು ತಿಳಿಯಲು ಮತ್ತೆ ಪುಸ್ತಕಗಳೇ ಬೇಕಾದವು.

ದುಡಿದೂ ಬಡವರು

ಲೇಖಕಿ ಬಾರ್ಬರಾ ಎರನ್‌ರೈಕ್ ತಮ್ಮ ಗುರುತು ಮರೆಸಿಕೊಂಡು ಫ್ಲಾರಿಡಾದಲ್ಲಿ ಹೋಟೆಲ್ ಪರಿಚಾರಿಕೆಯಾಗಿ, ಮೇನ್ ರಾಜ್ಯದಲ್ಲಿ ಮನೆ ಗುಡಿಸಿ ಒರೆಸುವವರಾಗಿ, ಮಿನೆಸೋಟದಲ್ಲಿ ದೊಡ್ಡ ಅಂಗಡಿಯ ಕೆಲಸದವರಾಗಿ ದುಡಿದರು. ಆ ಸಂಬಳದಲ್ಲಿ ಬಾಡಿಗೆ ಕಟ್ಟಿ ಊಟ ಮಾಡುವುದು ಸಾಧ್ಯವೇ ಎಂಬುದು ಅವರ ಪ್ರಶ್ನೆ. 2001ರಲ್ಲಿ ಬಂದ 'ನಿಕಲ್ ಅಂಡ್ ಡೈಮ್ಡ್' ಅದಕ್ಕೆ ಕೊಟ್ಟ ಉತ್ತರ ಸಂತೋಷದ್ದಲ್ಲ. 2015ರಲ್ಲಿ ಕ್ಯಾಥರಿನ್ ಎಡಿನ್ ಮತ್ತು ಲೂಕ್ ಶೇಫರ್, ದಿನಕ್ಕೆ ತಲೆಗೆ ಎರಡು ಡಾಲರಿಗಿಂತ ಕಡಿಮೆ ನಗದಿನಲ್ಲಿ ಬದುಕುವ ಕುಟುಂಬಗಳನ್ನು ಕುರಿತು ಬರೆದರು. ಅವರ ಎಣಿಕೆಯನ್ನು ಬೇರೆ ಅರ್ಥಶಾಸ್ತ್ರಜ್ಞರು ಪ್ರಶ್ನಿಸಿದ್ದಾರೆ, ಆದರೆ ಅವರು ಹೇಳಿದ ಸಂಸಾರಗಳ ಕಥೆ ಮನಮುಟ್ಟುವಂತಹುದು. ಮ್ಯಾಥ್ಯೂ ಡೆಸ್ಮಂಡ್ ಮಿಲ್ವಾಕಿ ನಗರದ ಬಡವರ ನಡುವೆ ವಾಸವಿದ್ದು 2016ರಲ್ಲಿ 'ಎವಿಕ್ಟೆಡ್' ಬರೆದರು. ಬಾಡಿಗೆ ಬಾಕಿಯಾಗಿ ಮನೆಯಿಂದ ಹೊರಹಾಕಿಸಿಕೊಳ್ಳುವುದು ಬಡತನದ ಫಲ ಮಾತ್ರವಲ್ಲದೆ ಅದರ ಕಾರಣವೂ ಹೌದೆಂದು ಅವರು ತೋರಿಸಿದರು: ಮನೆ ಹೋದರೆ ಮಗುವಿನ ಶಾಲೆ ಹೋಗುತ್ತದೆ, ಆಮೇಲೆ ಕೆಲಸವೂ ಹೋಗುತ್ತದೆ. 2017ರಲ್ಲಿ ಆ ಪುಸ್ತಕಕ್ಕೆ ಪುಲಿಟ್ಜರ್ ಪ್ರಶಸ್ತಿ ಬಂದಿತು.

ತೀರ ಈಚಿನ ಒಂದು ಸಂಗತಿ ಈ ಎಲ್ಲ ವಾದಗಳಿಗಿಂತ ಹೆಚ್ಚು ಹೇಳುತ್ತದೆ. ಕೊರೊನಾ ಕಾಲದಲ್ಲಿ, 2021ರ ಜುಲೈಯಿಂದ ಡಿಸೆಂಬರ್‌ವರೆಗೆ, ಅಮೆರಿಕದ ಸರ್ಕಾರ ಬಹುತೇಕ ಎಲ್ಲ ಕುಟುಂಬಗಳಿಗೂ ಮಗುವೊಂದಕ್ಕೆ ತಿಂಗಳಿಗೆ 250ರಿಂದ 300 ಡಾಲರ್ ಕೊಟ್ಟಿತು. ಅರ್ಹ, ಅನರ್ಹ ಎಂದು ಹೆಚ್ಚು ಸೋಸಲಿಲ್ಲ. ಸರ್ಕಾರದ ನೆರವನ್ನೂ ಸೇರಿಸಿ ಲೆಕ್ಕ ಹಾಕುವ ಮಾಪನದಂತೆ, ಮಕ್ಕಳ ಬಡತನ ಆ ವರ್ಷ ನೂರಕ್ಕೆ 5.2ಕ್ಕೆ ಇಳಿಯಿತು. ಯೋಜನೆಯನ್ನು ಮುಂದುವರಿಸಲಿಲ್ಲ. 2022ರಲ್ಲಿ ಅದು 12.4ಕ್ಕೆ ಏರಿತು. ಒಂದೇ ವರ್ಷದ ಅಂತರದಲ್ಲಿ ತಂದೆತಾಯಿಯರ ಸ್ವಭಾವವಾಗಲಿ ಸಂಸ್ಕೃತಿಯಾಗಲಿ ಬದಲಾಗಿರಲಿಲ್ಲ.

ಓದಬೇಕೆನ್ನುವವರಿಗೆ

ನಮ್ಮ ರಾಜ್ಯದಲ್ಲಿ 2013ರಲ್ಲಿ ಅನ್ನಭಾಗ್ಯ ಆರಂಭವಾದಾಗ, ಅಗ್ಗದ ಅಕ್ಕಿಯಿಂದ ಜನ ಸೋಮಾರಿಗಳಾಗುತ್ತಾರೆಂಬ ಮಾತು ಮದುವೆ ಮನೆಗಳ ಪಂಕ್ತಿಯಲ್ಲಿಯೂ ಕೇಳಿಬರುತ್ತಿತ್ತು. ಎಲೆಯ ತುಂಬ ಬಡಿಸಿಕೊಂಡು ಕುಳಿತವರು ಆಡುವ ಮಾತು ಅದು. ಯೋಜನೆಗಳಲ್ಲಿ ಲೋಪವಿದ್ದರೆ ಹೇಳಬೇಕು, ಸೋರಿಕೆಯಿದ್ದರೆ ತಡೆಯಬೇಕು. ಆದರೆ ಆ ಮಾತು ನಾಲ್ಕು ನೂರು ವರ್ಷ ಹಳೆಯದೆಂದೂ, ಅದನ್ನು ನಂಬಿದ ದೇಶವೊಂದರಲ್ಲಿ ಏನಾಯಿತೆಂಬುದು ಪುಸ್ತಕಗಳಲ್ಲಿ ದಾಖಲಾಗಿದೆಯೆಂದೂ ತಿಳಿದಿದ್ದರೆ ಒಳ್ಳೆಯದು.

ಈ ಪುಸ್ತಕಗಳಲ್ಲಿ ಯಾವುದನ್ನು ಮೊದಲು ಓದಬೇಕೆಂದು ಕೇಳಿದರೆ, ಹ್ಯಾರಿಂಗ್ಟನ್‌ರಿಂದ ಆರಂಭಿಸಿ ಎನ್ನುತ್ತೇನೆ. ಚಿಕ್ಕದು, ಎರಡು ದಿನದಲ್ಲಿ ಮುಗಿಯುತ್ತದೆ. ಆಮೇಲೆ ಮರ್ರೆಯವರನ್ನೂ ವಿಲ್ಸನ್‌ರನ್ನೂ ಒಟ್ಟಿಗೆ ಓದಿ. ಎದುರಾಳಿಯ ವಾದವನ್ನು ಅವನ ಬಾಯಿಂದಲೇ ಕೇಳುವುದು ವಿದ್ಯಾವಂತರ ಲಕ್ಷಣ. ಕೊನೆಗೆ ಡೆಸ್ಮಂಡ್. ಅಮೆರಿಕದಲ್ಲಿರುವ ನನ್ನ ಮಕ್ಕಳಂತಹ ವಿದ್ಯಾರ್ಥಿಗಳಿಗೆ ಇವೆಲ್ಲ ನಿಮ್ಮ ಊರಿನ ಸಾರ್ವಜನಿಕ ಗ್ರಂಥಾಲಯದಲ್ಲಿ ಸಿಗುವ ಸಂಭವ ಹೆಚ್ಚು. ತರಲು ಹೋದಾಗ ಆ ಗ್ರಂಥಾಲಯದ ಮೇಜುಗಳಲ್ಲಿ ಬೆಳಗಿನಿಂದ ಸಂಜೆಯವರೆಗೆ ಯಾರು ಕುಳಿತಿರುತ್ತಾರೆಂಬುದನ್ನೂ ಒಮ್ಮೆ ಗಮನಿಸಿ. ಓದಿದವರು ನಿಮ್ಮ ಅನಿಸಿಕೆ ಬರೆಯಿರಿ. ನನ್ನೊಡನೆ ಒಪ್ಪದವರು ತಪ್ಪದೆ ಬರೆಯಿರಿ.